ಚಾಳೀಸು ಕಣ್ಣಿಗಷ್ಟೇ ಅಲ್ಲ

ಮಕ್ಕಳ ಹುಟ್ಟುಹಬ್ಬಕ್ಕೆ ಬರುತ್ತಿದ್ದ ಕೇಕು, ಬಲೂನುಗಳು ಈಗ ದೊಡ್ಡವರ ನಲವತ್ತು, ಐವತ್ತಕ್ಕೂ ಬಂದಿವೆ. ಕೊಳ್ಳೇಗಾಲದಲ್ಲಿ ಮಾತ್ರವಲ್ಲ, ಹನೂರು, ಯಳಂದೂರಿನ ಮನೆಗಳಲ್ಲೂ ಮಕ್ಕಳು ಸೇರಿ ಅಬ್ಬಾನಿಗೆ ತಿಳಿಯದಂತೆ ಕೇಕು ತರುತ್ತಾರೆ. ರಾತ್ರಿ ಬಿರಿಯಾನಿ ಆಗುತ್ತದೆ, ಫೋಟೋ ವಾಟ್ಸ್‌ಆ್ಯಪ್ ಸ್ಟೇಟಸ್ಸಿಗೆ ಹೋಗುತ್ತದೆ. ಹುಟ್ಟುಹಬ್ಬ ಆಚರಿಸಬಹುದೇ, ಬಾರದೇ ಎಂಬುದನ್ನು ಉಲಮಾಗಳು ಹೇಳಲಿ, ಅದು ವೈದ್ಯನ ಕೆಲಸವಲ್ಲ. ವೈದ್ಯನಾಗಿ ನಾನು ಹೇಳುವುದಿಷ್ಟು: ನಲವತ್ತು ತುಂಬಿದ್ದನ್ನು ನೆನಪಿಡಬೇಕು, ಆ ನೆನಪಿಗೆ ಒಂದು ಆರೋಗ್ಯ ತಪಾಸಣೆ ಸೇರಬೇಕು. ಅದು ಅಬ್ಬಾನಿಗೆ ಆದಂತೆ ಅಮ್ಮಿಗೂ ಆಗಬೇಕು.

ಹತ್ತಿರದ ಅಕ್ಷರ ಮಸುಕಾದರೆ ನಾವು 'ಚಾಳೀಸು ಬಂತು' ಎನ್ನುತ್ತೇವೆ. ಚಾಲೀಸ್ ಎಂದರೆ ನಲವತ್ತು. ವಯಸ್ಸೇ ಕಣ್ಣಿನ ತೊಂದರೆಗೆ ಹೆಸರಾಗಿದೆ. ಚಾಳೀಸು ಬಂದಾಗ ಯಾರೂ ನಾಚದೆ ಕನ್ನಡಕ ಹಾಕಿಸಿಕೊಳ್ಳುತ್ತಾರೆ. ಆದರೆ ಅದೇ ವಯಸ್ಸಿನಲ್ಲಿ ರಕ್ತನಾಳ, ಮೂತ್ರಪಿಂಡ, ಹೃದಯಕ್ಕೆ ಏನಾಗುತ್ತಿದೆ ಎಂದು ನೋಡಿಸುವವರು ಕಡಿಮೆ.

ಇಬ್ನ್ ಸೀನಾ ಅವರು ಸಾವಿರ ವರ್ಷಗಳ ಹಿಂದೆ 'ಅಲ್ ಕಾನೂನ್' ಗ್ರಂಥದಲ್ಲಿ ಮನುಷ್ಯನ ಆಯುಸ್ಸನ್ನು ನಾಲ್ಕು ಹಂತಗಳಾಗಿ ವಿಂಗಡಿಸಿದ್ದಾರೆ. ಸುಮಾರು 30ರವರೆಗೆ ಬೆಳವಣಿಗೆ, 35-40ರವರೆಗೆ ತುಂಬು ಯೌವನ, ಅಲ್ಲಿಂದ 60ರವರೆಗೆ ಕುಹೂಲತ್, ಆಮೇಲೆ ಮುಪ್ಪು. ಕುಹೂಲತ್‌ನಲ್ಲಿ ಶಕ್ತಿ ಇನ್ನೂ ಉಳಿದಿರುತ್ತದೆ, ಆದರೆ ಇಳಿಜಾರು ಶುರುವಾಗಿರುತ್ತದೆ. ಶಕ್ತಿ ಉಳಿದಿರುವುದರಿಂದಲೇ ಇಳಿಜಾರು ನಮಗೆ ಗೊತ್ತಾಗುವುದಿಲ್ಲ.

2023ರಲ್ಲಿ ಪ್ರಕಟವಾದ ಐಸಿಎಂಆರ್-ಇಂಡಿಯಾಬ್ ಅಧ್ಯಯನದ ಅಂದಾಜಿನಂತೆ ನಮ್ಮ ದೇಶದಲ್ಲಿ 10.1 ಕೋಟಿ ಜನರಿಗೆ ಸಕ್ಕರೆ ಕಾಯಿಲೆ ಇದೆ. ಇನ್ನೂ 13.6 ಕೋಟಿ ಜನ ಅದರ ಹೊಸ್ತಿಲಲ್ಲಿದ್ದಾರೆ. ಬಿಪಿ ಇರುವವರು 31.5 ಕೋಟಿ. ಇವೆರಡೂ ಸದ್ದಿಲ್ಲದೆ ಬರುವ ಕಾಯಿಲೆಗಳು. 'ತಲೆ ಸುತ್ತಿದರೆ ಬಿಪಿ, ಇಲ್ಲದಿದ್ದರೆ ಇಲ್ಲ' ಎಂಬ ನಂಬಿಕೆಯಲ್ಲೇ ಎಷ್ಟೋ ಜನ ಪಾರ್ಶ್ವವಾಯು ಹೊಡೆದ ಮೇಲೆ ಆಸ್ಪತ್ರೆ ಸೇರುತ್ತಾರೆ.

ಈಗ ಅಮ್ಮಿಯ ವಿಷಯಕ್ಕೆ ಬರೋಣ. ನಮ್ಮ ಎಷ್ಟೋ ಮನೆಗಳಲ್ಲಿ ಆಕೆಯ ಹುಟ್ಟಿದ ದಿನ ಯಾರಿಗೂ ಗೊತ್ತಿಲ್ಲ. ಶಾಲೆಗೆ ಸೇರಿಸುವಾಗ ಮೇಷ್ಟ್ರು ಬರೆದುಕೊಂಡ ಜೂನ್ 1 ಅಥವಾ ಜನವರಿ 1 ಆಧಾರ್ ಕಾರ್ಡಿನಲ್ಲಿ ಕೂತಿರುತ್ತದೆ. ಹದಿನೆಂಟಕ್ಕೆ ಮದುವೆಯಾದವಳು ನಲವತ್ತರ ಹೊತ್ತಿಗೆ ನಾನಿಯೂ ಆಗಿರುತ್ತಾಳೆ. ಹಗಲು ನೂಲು ಬಿಚ್ಚುವ ಘಟಕದ ಬಿಸಿನೀರಿನ ಮುಂದೆ ದುಡಿದು, ಸಂಜೆ ಒಲೆಯ ಮುಂದೆ ನಿಲ್ಲುತ್ತಾಳೆ. ದವಾಖಾನೆಗೆ ಬಂದರೂ ಅದು ಮೊಮ್ಮಗುವಿನ ಕೆಮ್ಮಿಗೆ. ನಿಮಗೇನಮ್ಮ ಎಂದು ಕೇಳಿದರೆ, 'ಏನಿಲ್ಲ ಹಕೀಮ್ ಸಾಬ್, ಸ್ವಲ್ಪ ಸುಸ್ತು' ಎನ್ನುತ್ತಾಳೆ. ಆ ಸುಸ್ತಿನ ಹಿಂದೆ ರಕ್ತಹೀನತೆ ಇರಬಹುದು, ಥೈರಾಯ್ಡ್ ಇರಬಹುದು, ಸಕ್ಕರೆ ಇರಬಹುದು. ಮುಟ್ಟಿನಲ್ಲಿ ಅತಿಯಾಗಿ ರಕ್ತ ಹೋಗುವುದು, ಮುಟ್ಟು ನಿಂತು ವರ್ಷವಾದ ಮೇಲೆ ಮತ್ತೆ ರಕ್ತ ಕಾಣುವುದು, ಇವನ್ನು 'ಈ ವಯಸ್ಸಲ್ಲಿ ಇದ್ದದ್ದೇ' ಎಂದು ಬಿಡಬಾರದು, ತಕ್ಷಣ ತೋರಿಸಬೇಕು.

ನಲವತ್ತರ ವಯಸ್ಸನ್ನು ಪ್ರಸ್ತಾಪಿಸಿ ಕೃತಜ್ಞತೆಯ ದುಆ ಕಲಿಸುವ ಕುರ್‌ಆನ್ ವಚನ ಸೂರಃ ಅಲ್ ಅಹ್ಕಾಫ್‌ನಲ್ಲಿದೆ (46:15). ತಾಯಿ ಕಷ್ಟಪಟ್ಟು ಹೊತ್ತು ಹೆತ್ತದ್ದನ್ನು ನೆನಪಿಸುವುದೂ ಅದೇ ವಚನ. ನಲವತ್ತರ ಶುಕ್ರ್‌ನಲ್ಲಿ ತಾಯಿಯನ್ನು ಮರೆತರೆ ಅದು ಅರ್ಧ ಶುಕ್ರ್.

ಪರೀಕ್ಷೆಗೆ ದೊಡ್ಡ ಖರ್ಚಿಲ್ಲ. ಸರ್ಕಾರದ ಕಾರ್ಯಕ್ರಮದಡಿ 30 ದಾಟಿದವರಿಗೆ ಬಿಪಿ, ಸಕ್ಕರೆ, ಬಾಯಿಯ ಕ್ಯಾನ್ಸರ್, ಮಹಿಳೆಯರಿಗೆ ಸ್ತನ ಮತ್ತು ಗರ್ಭಕೊರಳಿನ ಕ್ಯಾನ್ಸರ್ ತಪಾಸಣೆ ಉಚಿತ. ಊರಿನ ಆಶಾ ಕಾರ್ಯಕರ್ತೆಯನ್ನು ಕೇಳಿ. ಹತ್ತಿರದ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ, ಇಲ್ಲವೇ ಕೊಳ್ಳೇಗಾಲ, ಯಳಂದೂರಿನ ಸರ್ಕಾರಿ ಆಸ್ಪತ್ರೆಗೆ ಹೋಗಿ. ಮಹಿಳಾ ಸಿಬ್ಬಂದಿಯೇ ನೋಡಲಿ ಎಂದು ಕೇಳುವುದರಲ್ಲಿ ಸಂಕೋಚ ಬೇಡ. ಹನೂರಿನ ಬೆಟ್ಟದ ಕಡೆಯ ಊರುಗಳವರು ಖಾಲಿ ಹೊಟ್ಟೆಯ ಪರೀಕ್ಷೆಗೆ ಬೆಳಗಿನ ಮೊದಲ ಬಸ್ಸು ಹಿಡಿದು, ತಿಂಡಿ ಕಟ್ಟಿಕೊಂಡು ಬನ್ನಿ.

ಕೆಲವು ಅಂಕಿಗಳನ್ನು ಮನೆಯ ಕ್ಯಾಲೆಂಡರಿನಲ್ಲಿ ಬರೆದಿಡಿ. ಬೇರೆ ಬೇರೆ ದಿನ ನೋಡಿದಾಗಲೂ ಬಿಪಿ 140/90 ಅಥವಾ ಹೆಚ್ಚಿದ್ದರೆ ಚಿಕಿತ್ಸೆ ಬೇಕು. ಖಾಲಿ ಹೊಟ್ಟೆಯ ಸಕ್ಕರೆ 126 ಮುಟ್ಟಿದರೆ ಸಕ್ಕರೆ ಕಾಯಿಲೆ ಎಂದು ತಿಳಿದು ವೈದ್ಯರಿಂದ ಖಚಿತಪಡಿಸಿಕೊಳ್ಳಬೇಕು. 100ರಿಂದ 125 ಹೊಸ್ತಿಲು. ಸೊಂಟದ ಸುತ್ತಳತೆ ಗಂಡಸರಿಗೆ 90 ಸೆಂ.ಮೀ., ಹೆಂಗಸರಿಗೆ 80 ಸೆಂ.ಮೀ. ಮೀರದಿರಲಿ.

'ನೋಡಿಸಿದರೆ ತಾನೆ ಕಾಯಿಲೆ, ಆಯುಸ್ಸು ಅಲ್ಲಾಹನ ಕೈಯಲ್ಲಿದೆ' ಎನ್ನುವವರಿದ್ದಾರೆ. ಆಯುಸ್ಸು ಅವನ ಕೈಯಲ್ಲಿದೆ, ನಿಜ. ದೇಹ ನಮಗೆ ಕೊಟ್ಟ ಅಮಾನತ್. ಅಮಾನತ್ತಿನ ಲೆಕ್ಕ ನೋಡದೆ ಇಡುವವನನ್ನು ಯಾರೂ ನಂಬಿಗಸ್ತ ಎನ್ನುವುದಿಲ್ಲ.

ನನ್ನದೇ ವೈದ್ಯಪದ್ಧತಿಯ ಹೆಸರಿನಲ್ಲಿ ನಡೆಯುವ ಒಂದು ವ್ಯಾಪಾರದ ಬಗ್ಗೆಯೂ ಹೇಳಲೇಬೇಕು. ನಲವತ್ತಾಯಿತು ಎಂದು 'ತಾಕತ್ತಿನ' ಕುಶ್ತಾ, ಮಾಜೂನುಗಳನ್ನು ಸಂತೆಯಲ್ಲೋ ಮೊಬೈಲಿನಲ್ಲೋ ಕೊಂಡು ತಿನ್ನಬೇಡಿ. ಕುಶ್ತಾ ಎಂದರೆ ಲೋಹ, ಖನಿಜಗಳ ಭಸ್ಮ. ಸರಿಯಾಗಿ ತಯಾರಾಗದಿದ್ದರೆ ಮೂತ್ರಪಿಂಡಕ್ಕೆ ಹಾನಿ. ಬಿಪಿ, ಸಕ್ಕರೆ ಮಾತ್ರೆ ತೆಗೆದುಕೊಳ್ಳುತ್ತಿರುವವರು ಯುನಾನಿ ಶುರು ಮಾಡಿದೆವೆಂದು ಅವನ್ನು ತಾವಾಗಿ ನಿಲ್ಲಿಸಬಾರದು. ಹಾಗೆ ನಿಲ್ಲಿಸಿ ಎಂದು ಯಾರಾದರೂ ಹೇಳಿದರೆ ಅವರ ಬಳಿ ಹೋಗುವುದನ್ನು ನಿಲ್ಲಿಸಿ.

ಯುನಾನಿಯಲ್ಲಿ ಔಷಧಕ್ಕೆ ಮೊದಲು ಬರುವುದು ಗಾಳಿ, ಊಟ, ನಡಿಗೆ ಮತ್ತು ವಿಶ್ರಾಂತಿ, ಮನಸ್ಸಿನ ನೆಮ್ಮದಿ, ನಿದ್ದೆ, ವಿಸರ್ಜನೆ ಎಂಬ ಆರು ಅಗತ್ಯಗಳು. ಬೈಕು ಬಿಟ್ಟು ಮಸೀದಿಗೆ ನಡೆದು ಹೋಗಿ. ರಾತ್ರಿಯೂಟ ಬೇಗ ಮುಗಿಸಿ. ಉಪ್ಪಿನಕಾಯಿ, ಹಪ್ಪಳ ಕಡಿಮೆ ಮಾಡಿ. ಗುಟ್ಕಾ, ಹೊಗೆಸೊಪ್ಪು, ಬೀಡಿ ಬಿಡಿ. ಬಿರಿಯಾನಿ ಮಾಡುವುದಾದರೆ ಮಾಡಿ, ಒಂದು ತಟ್ಟೆಗೆ ಸಾಕು ಮಾಡಿ. ಅಂದು ಅಡುಗೆ ಮನೆಯ ಕೆಲಸದಿಂದ ಅಮ್ಮಿಗೆ ರಜೆ ಕೊಡಿ.

ದಿನಾಂಕ ಗೊತ್ತಿಲ್ಲವೆಂದು ಮುಂದೂಡಬೇಡಿ. ಹಿಜ್ರಿ ವರ್ಷ ಸುಮಾರು 11 ದಿನ ಚಿಕ್ಕದು, ಹಾಗಾಗಿ ಹಿಜ್ರಿ ಲೆಕ್ಕದ ನಲವತ್ತು ಇಂಗ್ಲಿಷ್ ಲೆಕ್ಕದ ಸುಮಾರು 38 ವರ್ಷ 10 ತಿಂಗಳಿಗೇ ತುಂಬುತ್ತದೆ. ನಲವತ್ತರ ಆಸುಪಾಸಿನಲ್ಲಿದ್ದೀರಿ ಎಂದರೆ ಅಷ್ಟು ಸಾಕು. ಬರುವ ವಾರ ಒಂದು ಬೆಳಗ್ಗೆ ಬಿಡುವು ಮಾಡಿಕೊಂಡು ಗಂಡಹೆಂಡತಿ ಇಬ್ಬರೂ ಜೊತೆಗೆ ಹೋಗಿ ನೋಡಿಸಿಕೊಳ್ಳಿ.