ಮೂವರಲ್ಲೊಬ್ಬ ಶಾಸಕ

ಚುನಾವಣೆಯ ಗದ್ದಲ ಅಡಗಿ, ಗೆದ್ದವರ ಕೊರಳ ಹಾರ ಬಾಡಲು ಎರಡು ದಿನ ಸಾಕು. ಆಮೇಲೆ ಉಳಿಯುವುದು ಐದು ವರ್ಷಗಳ ದುಡಿಮೆ. ಹೊಸದಾಗಿ ಶಾಸನಸಭೆಯನ್ನು ಹೊಕ್ಕವನು, ಅದರಲ್ಲಿಯೂ ಬಹುಮತದ ಬಲವಿಲ್ಲದವನು, ಏನು ತಾನೆ ಮಾಡಬಲ್ಲನು? ಈ ಪ್ರಶ್ನೆಗೆ ಉತ್ತರವನ್ನು ನಾವು ದೂರದಲ್ಲಿ ಹುಡುಕಬೇಕಾಗಿಲ್ಲ.

ಶಾಂತವೇರಿ ಗೋಪಾಲಗೌಡರು 1923ರಲ್ಲಿ ತೀರ್ಥಹಳ್ಳಿ ತಾಲ್ಲೂಕಿನ ಆರಗದಲ್ಲಿ ಜನಿಸಿದವರು. 1951ರಲ್ಲಿ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿದಾರರು ಸತ್ಯಾಗ್ರಹ ಹೂಡಿದಾಗ ಅದರ ಮುಂದಾಳುಗಳಲ್ಲಿ ಅವರೂ ಒಬ್ಬರು. ಗೇಣಿಯ ಬತ್ತವನ್ನು ಅಳೆಯುವ ಕೊಳಗದ ಗಾತ್ರವೆಷ್ಟು ಎಂಬುದೇ ಆ ವಿವಾದದ ಮೂಲ. ನೋಡಲು ಅಲ್ಪ ಸಂಗತಿ. ಆದರೆ ಕೊಳಗ ತುಸು ಹಿಗ್ಗಿದರೆ ಉತ್ತವನ ಮಕ್ಕಳ ತುತ್ತು ಅಷ್ಟು ಕುಗ್ಗುತ್ತದೆ! ಆ ಸತ್ಯಾಗ್ರಹಕ್ಕೆಂದು ಬಂದ ರಾಮಮನೋಹರ ಲೋಹಿಯಾ ಅವರೂ ಸಾಗರದಲ್ಲಿ ಬಂಧನಕ್ಕೊಳಗಾದರು.

ಮರುವರ್ಷ, 1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ, ಸಾಗರ-ಹೊಸನಗರ ಕ್ಷೇತ್ರದ ಜನ ಗೋಪಾಲಗೌಡರನ್ನು ಮೈಸೂರು ವಿಧಾನಸಭೆಗೆ ಕಳುಹಿಸಿದರು. ಸಭೆಯ 99 ಚುನಾಯಿತ ಸದಸ್ಯರಲ್ಲಿ ಕಾಂಗ್ರೆಸ್ಸಿನವರು 74. ಗೌಡರ ಸಮಾಜವಾದಿ ಪಕ್ಷದವರು ಮೂವರೇ ಮೂವರು. ವಿಧಾನಸೌಧ ಇನ್ನೂ ಮೇಲೇಳುತ್ತಿದ್ದ ಕಾಲವದು. 1952ರ ಜೂನ್ 18ರಂದು ಅಠಾರಾ ಕಚೇರಿಯಲ್ಲಿ ಮೊದಲ ಅಧಿವೇಶನ ಕೂಡಿತು. ಸಭಾಧ್ಯಕ್ಷರ ಆಯ್ಕೆ ಬಂದಾಗ ಎಚ್. ಸಿದ್ಧಯ್ಯನವರಿಗೆ ಎದುರಾಗಿ ನಿಂತವರು ಇಪ್ಪತ್ತೊಂಬತ್ತರ ಹರೆಯದ ಗೋಪಾಲಗೌಡರು! ಸಿದ್ಧಯ್ಯನವರು 74 ಮತಗಳಿಂದ ಆಯ್ಕೆಯಾದರು.

ಕೂಡಿಸಿ ಕಳೆಯಬಲ್ಲ ಯಾರಿಗಾದರೂ ಆ ಫಲಿತಾಂಶ ಮೊದಲೇ ತಿಳಿದಿತ್ತಷ್ಟೆ. ಹಾಗಿದ್ದರೆ ಈ ಸ್ಪರ್ಧೆ ವ್ಯರ್ಥವೆ? ಅಲ್ಲವೆಂದು ನನ್ನ ಎಣಿಕೆ. ಸಭೆಯಲ್ಲಿ ಮತ ಎಣಿಸುವುದಕ್ಕೆ ಮುನ್ನ ಮಾತು ನಡೆಯಬೇಕು. ಸೋಲುವ ಪಕ್ಷವೂ ಎದ್ದು ನಿಲ್ಲಬೇಕು. ಎಲ್ಲವೂ ಮೊದಲೇ ತೀರ್ಮಾನವಾಗಿದೆಯೆಂದು ಸುಮ್ಮನಿರುವುದಾದರೆ ಸಭೆಯಾದರೂ ಏತಕ್ಕೆ?

ಜನತೆಯ ತೀರ್ಪು ಯಾವಾಗಲೂ ಮೃದುವಲ್ಲ. 1957ರ ಚುನಾವಣೆಯಲ್ಲಿ ಗೌಡರು ಸೋತರು. 1962ರಲ್ಲಿಯೂ 1967ರಲ್ಲಿಯೂ ಮತ್ತೆ ಗೆದ್ದು ಬಂದರು. 1972ರ ಜೂನ್‌ನಲ್ಲಿ, ಐವತ್ತು ತುಂಬುವ ಮೊದಲೇ, ತೀರಿಕೊಂಡರು. ದೇವರಾಜ ಅರಸರ ಸರ್ಕಾರ ಭೂಸುಧಾರಣಾ ಶಾಸನಕ್ಕೆ ದೊಡ್ಡ ತಿದ್ದುಪಡಿ ತಂದು, ಉಳುವವನು ನೆಲದ ಒಡೆಯನಾಗುವ ದಾರಿಯನ್ನು ತೆರೆದದ್ದು 1974ರಲ್ಲಿ. ಕೊಳಗದ ಜಗಳಕ್ಕೆ ಕಾನೂನಿನ ಉತ್ತರ ದೊರೆಯಲು ಇಪ್ಪತ್ತಕ್ಕೂ ಹೆಚ್ಚು ವರ್ಷಗಳು ಬೇಕಾದುವು. ಅದು ಅನೇಕರ ಹೋರಾಟದ ಫಲ. ಬಿತ್ತಿದವರಲ್ಲಿ ಒಬ್ಬರು ಮಾತ್ರ ಪೈರನ್ನು ಕಾಣಲಿಲ್ಲ.

ನಗರವಾಸಿಗಳಾದ ನಾವು ಹೊಸ ಶಾಸಕರನ್ನು ಕಂಡೊಡನೆ ಕೇಳುವುದೇನು? ನಲ್ಲಿಯ ನೀರು, ಬೀದಿಯ ದೀಪ, ಮಗನ ಕೆಲಸಕ್ಕೊಂದು ಶಿಫಾರಸು ಪತ್ರ. ನೀರೂ ದೀಪವೂ ಬೇಕಾದುವೇ. ಆದರೆ ಅವುಗಳಿಗೆ ನಗರಸಭೆಯಿದೆ. ಶಾಸಕನ ನಿಜವಾದ ಕೆಲಸ ಪ್ರಶ್ನೋತ್ತರದ ವೇಳೆಯಲ್ಲಿ, ಮಸೂದೆಯ ಚರ್ಚೆಯಲ್ಲಿ, ಆಯವ್ಯಯದ ಪರಿಶೀಲನೆಯಲ್ಲಿ. “ಸ್ವಾಮಿ, ಈ ಅಧಿವೇಶನದಲ್ಲಿ ತಾವು ಯಾವ ಪ್ರಶ್ನೆ ಕೇಳಿದಿರಿ?” ಎಂದು ನಾವು ವಿಚಾರಿಸುವುದುಂಟೆ? ನಾವು ಕೇಳದಿದ್ದರೆ ಅವರೇಕೆ ಕೇಳಿಯಾರು?