ಕಿಟಕಿ ಹೊರಗೆ ಚಾಚುವ ಮುನ್ನ



ಕುಣಿಗಲ್ ತಾಲ್ಲೂಕಿನ ನಮ್ಮ ಕೊತ್ತಗೆರೆಯಂತಹ ಹೋಬಳಿ ಊರುಗಳಲ್ಲೂ ಈಗ ಗೋಡೆಯಿಂದ ಹೊರಗೆ ಚಾಚಿಕೊಂಡ ಕಿಟಕಿಗಳ ಆಸೆ ಹುಟ್ಟಿದೆ. ಬೆಂಗಳೂರಿಗೆ ದುಡಿಯಲು ಹೋದ ಮಗ ಅಲ್ಲಿ ಕಂಡದ್ದನ್ನು ಊರಿಗೆ ತರುತ್ತಾನೆ. ಗಲ್ಫ್‌ನಿಂದ ರಜೆಗೆ ಬಂದವನು ಮೊಬೈಲಿನಲ್ಲಿ ಚಿತ್ರ ತೋರಿಸಿ, "ಇದೇ ತರಹ ಮಾಡಿಕೊಡಿ" ಎಂದು ಮೇಸ್ತ್ರಿಗೆ ಹೇಳುತ್ತಾನೆ. ಎಂಜಿನಿಯರುಗಳು ಇದನ್ನು ಬೇ ವಿಂಡೋ ಎನ್ನುತ್ತಾರೆ. ಗೋಡೆಯಲ್ಲಿ ಅಗಲವಾದ ಬಾಯಿ ತೆರೆದು, ಒಂದೂವರೆ ಎರಡು ಅಡಿಯಷ್ಟು ಹೊರಗೆ ಕಟ್ಟೆಯನ್ನು ಚಾಚಿ, ಅದರ ಮೂರು ಮಗ್ಗುಲಿಗೂ ಕಿಟಕಿ ಕೂರಿಸಿ, ಮೇಲೊಂದು ಸಜ್ಜಾ ಹಾಕಿದರೆ ಅದೇ ಬೇ ವಿಂಡೋ. ಒಳಗಿನ ಕಟ್ಟೆಯ ಮೇಲೆ ಇಬ್ಬರು ಆರಾಮವಾಗಿ ಕುಳಿತುಕೊಳ್ಳಬಹುದು.

ಇದನ್ನು ಶೋಕಿ ಎಂದು ತಳ್ಳಿಹಾಕಲು ನನಗೆ ಮನಸ್ಸಾಗದು. ಹಗಲೆಲ್ಲ ಮನೆಯಲ್ಲಿರುವವರು ಯಾರು? ಹೆಂಗಸರು, ವಯಸ್ಸಾದವರು, ಚಿಕ್ಕ ಮಕ್ಕಳು. ನಮ್ಮ ಹಳೆಯ ಮನೆಗಳ ನಡುಮನೆಯಲ್ಲಿ ಮಧ್ಯಾಹ್ನ ಹನ್ನೆರಡಕ್ಕೂ ಲೈಟು ಉರಿಯಬೇಕು. ಅಕ್ಕಿ ಆರಿಸುವ ತಾಯಿ, ಹೊಲಿಗೆ ಹಾಕುವ ಅಕ್ಕ, ಪರೀಕ್ಷೆಗೆ ಓದುವ ಹುಡುಗಿ, ಮಂಡಿನೋವಿನಿಂದ ಹೊಸ್ತಿಲು ದಾಟಲಾಗದ ಅಜ್ಜಿ, ಇವರೆಲ್ಲರಿಗೂ ಮೂರು ಕಡೆಯಿಂದ ಬೆಳಕು ತರುವ ಒಂದು ಮೂಲೆ ದೊರೆತರೆ ಅದು ದೊಡ್ಡ ಅನುಗ್ರಹ. ರಾಷ್ಟ್ರೀಯ ಕಟ್ಟಡ ಸಂಹಿತೆಯು ಒಣ ಸೆಖೆಯ ಸೀಮೆಯಲ್ಲಿ ಕೋಣೆಯ ನೆಲದ ಹತ್ತನೇ ಒಂದು ಭಾಗದಷ್ಟು, ತೇವದ ಸೆಖೆಯ ಸೀಮೆಯಲ್ಲಿ ಆರನೇ ಒಂದು ಭಾಗದಷ್ಟು ಕಿಟಕಿ ಇರಬೇಕೆಂದು ಹೇಳುತ್ತದೆ. ಹತ್ತಕ್ಕೆ ಹನ್ನೆರಡು ಅಡಿಯ ಕೋಣೆಗೆ ಕಡಿಮೆಯೆಂದರೂ 12 ಚದರ ಅಡಿ ಆಯಿತು. ನಿಮ್ಮ ಮನೆಯ ಕಿಟಕಿಯನ್ನು ಒಮ್ಮೆ ಅಳೆದು ನೋಡಿ.

ಆದರೆ ಗೋಡೆಯನ್ನು ಹೊರಗೆ ಚಾಚುವವರು ಮೊದಲು ಮೂರು ಪ್ರಶ್ನೆಗಳಿಗೆ ಉತ್ತರ ಕಂಡುಕೊಳ್ಳಬೇಕು. ಅದು ಯಾರ ಮನೆಯತ್ತ ನೋಡುತ್ತದೆ? ಯಾರ ಜಾಗದ ಮೇಲೆ ನಿಲ್ಲುತ್ತದೆ? ಅದರ ಭಾರವನ್ನು ಯಾವುದು ಹೊರುತ್ತದೆ?

ಹಿಂದಿನವರು ಕಟ್ಟಿದ್ದು ಹೇಗೆ?

ಇಂತಹ ಕಿಟಕಿ ನಮಗೆ ಹೊಸದಲ್ಲ. ವಿಜಯಪುರದ ಮೆಹ್ತರ್ ಮಹಲ್‌ಗೆ ಹೋದವರು ನೆನಪಿಸಿಕೊಳ್ಳಬಹುದು. 1620ರ ಸುಮಾರಿಗೆ ಆದಿಲ್‌ಶಾಹಿ ಕಾಲದಲ್ಲಿ ಕಟ್ಟಿದ ಆ ಮಸೀದಿಯ ಹೆಬ್ಬಾಗಿಲಿನಲ್ಲಿ, ಮರಗೆತ್ತನೆಯಂತೆ ಕೆತ್ತಿದ ಕಲ್ಲಿನ ಚಾಚುಗಳ ಮೇಲೆ ಕಿಟಕಿ ಮಾಡ ಹೊರಗೆ ನಿಂತಿದೆ. ಭಾರವನ್ನು ಯಾವುದು ಹೊತ್ತಿದೆ ಎಂಬುದು ಕೆಳಗೆ ನಿಂತವರ ಕಣ್ಣಿಗೆ ಕಾಣುತ್ತದೆ.

ಉಮ್ರಾಕ್ಕೆ ಹೋಗುವಾಗ ಜಿದ್ದಾದ ಹಳೆಯ ಪೇಟೆ ಬಲದ್‌ನಲ್ಲಿ ಸುತ್ತಿದವರು ಇನ್ನೊಂದು ಬಗೆಯನ್ನು ಕಂಡಿರುತ್ತಾರೆ. ಅಲ್ಲಿನ ಎತ್ತರದ ಮನೆಗಳ ಮುಂಗೋಡೆಯ ತುಂಬ ಮರದ ಚಾಚು ಕಿಟಕಿಗಳು. ಅವಕ್ಕೆ ರೌಶನ್ ಎಂದು ಹೆಸರು. 2014ರಲ್ಲಿ ಯುನೆಸ್ಕೋ ಆ ಪೇಟೆಯನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಕೈರೋದಲ್ಲಿ ಇದೇ ಬಗೆಯ ಕಿಟಕಿಗೆ ಮಶ್ರಬಿಯ್ಯ ಎನ್ನುತ್ತಾರೆ. ಕುಡಿಯುವುದು ಎಂಬರ್ಥದ ಅರಬಿ ಧಾತುವಿನಿಂದ ಬಂದ ಮಾತು ಅದು. ಗಾಳಿ ಬೀಸುವ ಆ ಚಾಚಿನಲ್ಲಿ ಮಣ್ಣಿನ ಹೂಜಿಗಳನ್ನಿಟ್ಟು ನೀರು ತಣಿಸುತ್ತಿದ್ದರು. ಇವುಗಳಲ್ಲಿ ಬಯಲು ಗಾಜಿಲ್ಲ. ಸಣ್ಣ ಸಣ್ಣ ಮರದ ತುಂಡುಗಳನ್ನು ಹೆಣೆದ ಜಾಲರಿ ಇದೆ. ಗಾಳಿ ಒಳಗೆ ಬರುತ್ತದೆ, ಬಿಸಿಲು ಸೋಸಿ ಬರುತ್ತದೆ, ಒಳಗಿನವರಿಗೆ ಬೀದಿ ಕಾಣುತ್ತದೆ, ಬೀದಿಯವರಿಗೆ ಒಳಗು ಕಾಣುವುದಿಲ್ಲ. ನಾವು ಚಾಚನ್ನು ಇಟ್ಟುಕೊಂಡು ಜಾಲರಿಯನ್ನು ಬಿಟ್ಟಿದ್ದೇವೆ.

ಯಾರ ಮನೆಯತ್ತ ನೋಡುತ್ತದೆ?

ಸಾಧಾರಣ ಕಿಟಕಿ ನೇರ ಎದುರಿಗಷ್ಟೇ ನೋಡುತ್ತದೆ. ಹೊರಚಾಚಿದ ಕಿಟಕಿ ಎಡಕ್ಕೂ ಬಲಕ್ಕೂ ನೋಡುತ್ತದೆ. ಗೋಡೆಗೆ ಗೋಡೆ ಒತ್ತಿಕೊಂಡ ನಮ್ಮ ಬೀದಿಗಳಲ್ಲಿ ಎಡ ಬಲದಲ್ಲಿ ಇರುವುದೇನು? ನೆರೆಮನೆಯ ಜಗಲಿ, ಹಿತ್ತಲು, ಬಚ್ಚಲ ಬಾಗಿಲು. ಅಲ್ಲಿ ಒಬ್ಬ ಹೆಣ್ಣುಮಗಳು ಪಾತ್ರೆ ತೊಳೆಯುತ್ತಾಳೆ, ತಲೆಗೂದಲು ಒಣಗಿಸುತ್ತಾಳೆ, ಕೂಸಿಗೆ ಹಾಲೂಡಿಸುತ್ತಾಳೆ. ನಿಮ್ಮ ಕಿಟಕಿ ಬಂದ ದಿನದಿಂದ ಆಕೆ ತನ್ನ ಹಿತ್ತಲಿನಲ್ಲೇ ಸೆರಗು ಸರಿಪಡಿಸಿಕೊಂಡು ಓಡಾಡಬೇಕಾಗುತ್ತದೆ. ನಿಮಗೆ ಸಿಕ್ಕ ಬೆಳಕಿನ ಬೆಲೆಯನ್ನು ಆಕೆ ತೆತ್ತಂತಾಯಿತು.

ನಮ್ಮ ಕಡೆಯ ಒಂದು ಊರಿನಲ್ಲಿ ಎರಡು ಮನೆಗಳ ನಡುವೆ ರಮಝಾನಿನ ಇಫ್ತಾರ್ ತಟ್ಟೆಯ ಕೊಡುಕೊಳ್ಳುವಿಕೆ ಇಂತಹ ಒಂದು ಪಕ್ಕದ ಗಾಜಿನಿಂದಾಗಿಯೇ ನಿಂತುಹೋಗಿತ್ತು. ಗಂಡಸರು ಪಂಚಾಯಿತಿಯವರೆಗೂ ಹೋದರು. ಕೊನೆಗೆ ಆ ಮನೆಯ ಹಿರಿಯ ಸೊಸೆಯೇ ಹೇಳಿ, ಒಂದು ಮಗ್ಗುಲಿಗೆ ಅಪಾರದರ್ಶಕ ಗಾಜು ಹಾಕಿಸಿದಳು. ಒಂದು ಮಧ್ಯಾಹ್ನದ ಕೆಲಸ. ಅದನ್ನು ಕಟ್ಟುವಾಗಲೇ ಮಾಡಿದ್ದರೆ ಎರಡು ವರ್ಷದ ಮನಸ್ತಾಪ ಉಳಿಯುತ್ತಿತ್ತು.

ಇದು ಕೇವಲ ಸೌಜನ್ಯದ ಮಾತಲ್ಲ, ನ್ಯಾಯದ ಮಾತೂ ಹೌದು. ಉಸ್ಮಾನೀ ಆಡಳಿತವು ಹನಫೀ ಫಿಕ್ಹ್‌ನ ಆಧಾರದಲ್ಲಿ 1869ರಿಂದ 1876ರ ನಡುವೆ ಸಿದ್ಧಪಡಿಸಿದ 'ಮಜಲ್ಲಾ' ಎಂಬ ಕಾನೂನು ಸಂಹಿತೆಯಲ್ಲಿ ಈ ವಿಷಯ ಬಿಡಿಸಿ ಬಂದಿದೆ. ಅಡುಗೆಮನೆ, ಬಾವಿಕಟ್ಟೆ, ಅಂಗಳದಂತಹ ಹೆಂಗಸರು ಓಡಾಡುವ ಜಾಗ ಕಾಣುವಂತೆ ಕಿಟಕಿ ತೆರೆಯುವುದನ್ನು ಅದು ನೆರೆಯವನಿಗೆ ಮಾಡಿದ ದೊಡ್ಡ ಹಾನಿಯೆಂದು ಎಣಿಸುತ್ತದೆ. ಹಾಗೆಂದು ಕಿಟಕಿಯನ್ನೇ ಮುಚ್ಚಿಬಿಡು ಎನ್ನುವುದಿಲ್ಲ, ನೋಟ ಹಾಯದಂತೆ ಮರೆ ಕಟ್ಟು ಎನ್ನುತ್ತದೆ. ಆಳೆತ್ತರಕ್ಕಿಂತ ಮೇಲಿರುವ ಕಿಟಕಿಗೆ ತಕರಾರು ಮಾಡುವಂತಿಲ್ಲ ಎಂದೂ ಹೇಳುತ್ತದೆ. ನಮ್ಮ ದೇಶದ 1882ರ ಈಸ್‌ಮೆಂಟ್ ಕಾಯ್ದೆಯ 18ನೇ ಕಲಮಿನಲ್ಲೂ ಇದೇ ಉದಾಹರಣೆ ಇದೆ: ಊರಿನ ರೂಢಿಯಿದ್ದರೆ, ನೆರೆಮನೆಯ ಖಾಸಗಿ ಭಾಗ ಕಾಣುವಂತೆ ಹೊಸ ಕಿಟಕಿ ತೆರೆಯದಂತೆ ತಡೆಯುವ ಹಕ್ಕು ನೆರೆಯವನಿಗಿದೆ. ಎರಡು ಬೇರೆ ಬೇರೆ ಕಾನೂನುಗಳು ಒಂದೇ ಕಿಟಕಿಯ ಬಗ್ಗೆ ಒಂದೇ ಮಾತು ಹೇಳಿವೆ.

ಆದ್ದರಿಂದ ಚಾಚು ಬೀದಿಯ ಕಡೆಗೋ ನಿಮ್ಮದೇ ಅಂಗಳದ ಕಡೆಗೋ ಇರಲಿ. ನೆರೆಮನೆಯತ್ತ ತಿರುಗಿದ ಮಗ್ಗುಲಿಗೆ ತೆರೆಯದ, ಅಪಾರದರ್ಶಕ ಗಾಜು ಹಾಕಿಸಿ. ಇಲ್ಲವೇ ಮರದ ಜಾಲರಿ, ಸಿಮೆಂಟಿನ ಜಾಲಿ ಇಟ್ಟರೆ ಗಾಳಿಗೂ ಅಡ್ಡಿಯಿಲ್ಲ.

ಯಾರ ಜಾಗದ ಮೇಲೆ ನಿಲ್ಲುತ್ತದೆ?

ಮನೆಯ ಇ-ಸ್ವತ್ತು ನಮೂನೆಯಲ್ಲಿ ಬರೆದ ಅಳತೆಯನ್ನು ಟೇಪು ಹಿಡಿದು ನೋಡಿ. ಎಷ್ಟೋ ಮನೆಗಳ ಗೋಡೆಯೇ ನಿವೇಶನದ ಗಡಿ. ಅಲ್ಲಿಂದ ಎರಡು ಅಡಿ ಚಾಚಿದರೆ ಅದು ಚರಂಡಿಯ ಮೇಲೋ ರಸ್ತೆಯ ಮೇಲೋ ನಿಂತಿರುತ್ತದೆ. ನೆಲ ಮುಟ್ಟಿಲ್ಲ ಎಂದ ಮಾತ್ರಕ್ಕೆ ಆಕಾಶ ನಮ್ಮದಾಗುವುದಿಲ್ಲ. ಕತ್ತಲಲ್ಲಿ ನಡೆಯುವ ವೃದ್ಧರ ಹಣೆಗೆ ಅದರ ಮೂಲೆ ತಾಗುತ್ತದೆ, ರಾಗಿ ಹುಲ್ಲು ತುಂಬಿದ ಟ್ರ್ಯಾಕ್ಟರ್ ಅದಕ್ಕೆ ಉಜ್ಜುತ್ತದೆ. 1993ರ ಪಂಚಾಯತ್ ರಾಜ್ ಕಾಯ್ದೆಯ 64ನೇ ಕಲಮಿನ ಪ್ರಕಾರ ಗ್ರಾಮ ಪಂಚಾಯಿತಿಯ ಅನುಮತಿಯಿಲ್ಲದೆ ಕಟ್ಟಡ ಕಟ್ಟುವಂತಿಲ್ಲ. ಗೋಡೆ ಒಡೆಯುವ ಮುನ್ನವೇ ಒಂದು ಅರ್ಜಿ ಕೊಟ್ಟು ವಿಚಾರಿಸುವುದು ಲೇಸು.

ಭಾರವನ್ನು ಯಾವುದು ಹೊರುತ್ತದೆ?

ಇದು ಜೀವದ ಪ್ರಶ್ನೆ, ಗಮನವಿಟ್ಟು ಓದಿ. ಮಣ್ಣಿನ ಗೋಡೆಯ ಹೆಂಚಿನ ಮನೆಯಲ್ಲಿ ಈ ಸಾಹಸ ಬೇಡ. ಅಂತಹ ಗೋಡೆಯಲ್ಲಿ ಐದಾರು ಅಡಿಯ ಬಾಯಿ ತೆರೆದರೆ ಮೇಲಿನ ಭಾರ ಕುಸಿಯಬಹುದು. ಛಾವಣಿಯಲ್ಲಿ ನಾಲ್ಕು ಗಾಜಿನ ಹೆಂಚು ಹಾಕಿಸಿ. ಖರ್ಚು ಕಡಿಮೆ, ಬೆಳಕು ಧಾರಾಳ.

ಇಟ್ಟಿಗೆ ಅಥವಾ ಕಲ್ಲಿನ ಗೋಡೆಯಾದರೆ ಮೊದಲು ಮೇಲ್ಭಾಗಕ್ಕೆ ಆಸರೆ ಕೊಟ್ಟು, ಬಳಿಕ ಗೋಡೆ ಬಿಚ್ಚಬೇಕು. ಬಾಯಿಯ ಮೇಲೆ ಹಾಕುವ ಲಿಂಟಲ್ ಎರಡೂ ಕಡೆ ಎಂಟು ಒಂಬತ್ತು ಇಂಚಾದರೂ ಗೋಡೆಯ ಮೇಲೆ ಕೂತಿರಲಿ. ಈಗಾಗಲೇ ಕಟ್ಟಿದ ಮನೆಯ ಕೆಳಅಂತಸ್ತಿನಲ್ಲಿ ಚಾಚನ್ನು ನೆಲದಿಂದಲೇ ಕಟ್ಟಿಕೊಂಡು ಬರುವುದು ಕ್ಷೇಮ. ಆಗ ಅದರ ತಳಪಾಯ ಮನೆಯ ತಳಪಾಯದಷ್ಟೇ ಆಳಕ್ಕೆ ಹೋಗಬೇಕು. ಇಲ್ಲದಿದ್ದರೆ ಚಾಚು ಬೇರೆಯಾಗಿ ಕುಸಿದು ಕೂಡುವೆಡೆಯಲ್ಲಿ ಬಿರುಕು ಬಿಡುತ್ತದೆ.

ಮೇಲಂತಸ್ತಿನಲ್ಲಿ, ಹೊಸ ಮನೆಯಲ್ಲಿ ಮೋಲ್ಡ್ ಹಾಕುವಾಗಲೇ ಹೊರಗೆ ಚಾಚುವುದಾದರೆ ಒಂದು ಸಂಗತಿ ನೆನಪಿರಲಿ. ಸಾಧಾರಣ ಮೋಲ್ಡ್ ಎರಡೂ ತುದಿಯಲ್ಲಿ ಗೋಡೆಯ ಮೇಲೆ ಕೂತಿರುತ್ತದೆ. ಭಾರ ಬಿದ್ದಾಗ ಅದರ ಹೊಟ್ಟೆ ಬಿರಿಯುತ್ತದೆ, ಹಾಗಾಗಿ ಮುಖ್ಯ ಸರಳು ಕೆಳಗಿರುತ್ತದೆ. ಹೊರಚಾಚಿದ್ದಕ್ಕೆ ಒಂದೇ ಕಡೆ ಹಿಡಿತ. ಭಾರ ಬಿದ್ದಾಗ ಬಿರಿಯುವುದು ಅದರ ಬೆನ್ನು. ಅಲ್ಲಿ ಮುಖ್ಯ ಸರಳು ಮೇಲೆಯೇ ಇರಬೇಕು, ಮತ್ತು ಚಾಚಿದ ಉದ್ದಕ್ಕಿಂತ ಹೆಚ್ಚು ಉದ್ದ ಒಳಗಿನ ಮೋಲ್ಡಿಗೆ ಹೋಗಿರಬೇಕು. ಕಾಂಕ್ರೀಟ್ ಸುರಿಯುವಾಗ ಕೆಲಸಗಾರರು ಸರಳಿನ ಮೇಲೆ ಓಡಾಡಿದರೆ ಅದು ತುಳಿತಕ್ಕೆ ಕೆಳಗೆ ಹೋಗುತ್ತದೆ. ಹೊರಗಿನಿಂದ ಏನೂ ತಿಳಿಯದು. ಆ ದಿನ ಮನೆಯವರೊಬ್ಬರು ನಿಂತು ನೋಡಲೇಬೇಕು. ಹತ್ತು ದಿನವಾದರೂ ನೀರುಣಿಸಿ. ಕೆಳಗಿನ ಆಸರೆಯನ್ನು ಎರಡು ವಾರಕ್ಕೆ ಮೊದಲು ತೆಗೆಯಬೇಡಿ. ಸರಳಿನ ಲೆಕ್ಕವನ್ನು ಎಂಜಿನಿಯರರಿಂದ ಬರೆಸಿಕೊಳ್ಳಿ. ಕುಳಿತುಕೊಳ್ಳುವ ಕಟ್ಟೆಯ ಮೇಲೆ ಹಬ್ಬದ ದಿನ ಐದು ಮಕ್ಕಳು ಒಟ್ಟಿಗೆ ಹತ್ತುತ್ತಾರೆ.

ಉಳಿದವು ಸಣ್ಣ ಮಾತುಗಳು. ಪಶ್ಚಿಮದ ಕಡೆಗೆ ಚಾಚಿದರೆ ಏಪ್ರಿಲ್ ಸಂಜೆಯಲ್ಲಿ ಆ ಮೂಲೆ ಒಲೆಯಾಗುತ್ತದೆ. ಉತ್ತರ ಅಥವಾ ಪೂರ್ವ ಮೇಲು. ಸಜ್ಜಾ ಕಿಟಕಿಗಿಂತ ಮುಂದಕ್ಕೆ ಬರಲಿ, ನೀರು ಹೊರಗೆ ಇಳಿಯುವಂತೆ ವಾಟ ಕೊಡಿಸಿ, ಅದರ ಅಡಿಯಂಚಿನಲ್ಲಿ ನೀರು ಒಳಗೆ ಹರಿಯದಂತೆ ಒಂದು ಗೀರು ತೆಗೆಸಿ. ಗ್ರಿಲ್ಲಿನ ಸರಳುಗಳ ನಡುವೆ ನಾಲ್ಕು ಇಂಚಿಗಿಂತ ಕಡಿಮೆ ಅಂತರವಿರಲಿ. ಎದುರು ಗೋಡೆಯಲ್ಲೂ ಒಂದು ಕಿಟಕಿಯೋ ಗವಾಕ್ಷಿಯೋ ಇದ್ದರೆ ಮಾತ್ರ ಗಾಳಿ ಹಾಯುತ್ತದೆ.

ಸಹೋದರ ಸಹೋದರಿಯರೇ, ಮೇಸ್ತ್ರಿಗೆ ಮುಂಗಡ ಕೊಡುವ ಮುನ್ನ ಒಂದು ಸಂಜೆ ಮನೆಯ ಹೆಂಗಸರು ನೆರೆಮನೆಗೆ ಹೋಗಿ, ಅವರ ಹಿತ್ತಲಿನಲ್ಲಿ ಕುಳಿತು ಒಂದು ಲೋಟ ಚಹಾ ಕುಡಿಯಲಿ. ಅಲ್ಲಿಂದ ತಲೆಯೆತ್ತಿ ತಮ್ಮ ಗೋಡೆಯನ್ನು ನೋಡಲಿ. ಕಿಟಕಿ ಎಲ್ಲಿ ಬರಬೇಕು, ಯಾವ ಮಗ್ಗುಲಿಗೆ ಮರೆ ಬೇಕು ಎಂಬುದು ಆ ಜಾಗದಿಂದ ಚೆನ್ನಾಗಿ ಕಾಣುತ್ತದೆ. ಆ ಮನೆಯವರನ್ನೇ ಕೇಳಿ. ಅವರು ಒಪ್ಪಿದ ಮೇಲೆ ಬರುವ ಬೆಳಕು, ಇನ್‌ಶಾ ಅಲ್ಲಾಹ್, ಎರಡೂ ಮನೆಗಳಿಗೆ ಹಿತವಾಗಿರುತ್ತದೆ.