ಇಜ್ಜತ್ ಓರುಜೋವಾ: ಬೆಳ್ಳಿತೆರೆಯಿಂದ ಪ್ರಯೋಗಶಾಲೆಗೆ

‘ಇಜ್ಜತ್ತು’ ಎಂಬ ಪದ ನಮಗೆ ಹೊಸದಲ್ಲ. ಅರಬ್ಬಿಯಿಂದ ಹೊರಟ ಈ ಪದ ನಮ್ಮಲ್ಲಿ ಮಾನ ಮರ್ಯಾದೆಯ ಅರ್ಥದಲ್ಲಿ ಉಳಿದಿದೆ. ಕ್ಯಾಸ್ಪಿಯನ್ ಸಮುದ್ರದ ದಡದಲ್ಲಿರುವ ಅಜರ್‌ಬೈಜಾನಿನಲ್ಲಿ ಅದು ಹೆಣ್ಣುಮಕ್ಕಳ ಹೆಸರೂ ಹೌದು. ಆ ನಾಡಿನ ಮೊದಮೊದಲ ಚಿತ್ರನಟಿಯರಲ್ಲಿ ಒಬ್ಬರಾದ ಇಜ್ಜತ್ ಓರುಜೋವಾ 1909ರಲ್ಲಿ ಬಾಕು ನಗರದಲ್ಲಿ ಹುಟ್ಟಿದರು.

ಬಾಕು ಎಂದರೆ ತೈಲ. 20ನೇ ಶತಮಾನ ಆರಂಭವಾದಾಗ ಜಗತ್ತಿನ ಕಚ್ಚಾ ತೈಲದಲ್ಲಿ ಸುಮಾರು ಅರ್ಧ ಭಾಗ ಈ ಒಂದೇ ಪ್ರದೇಶದಿಂದ ಬರುತ್ತಿತ್ತು. ಹಣಕ್ಕೆ ಕೊರತೆಯಿರಲಿಲ್ಲ. ಆದರೆ ಮುಸ್ಲಿಂ ಹೆಣ್ಣುಮಕ್ಕಳಿಗಾಗಿ ಅಲ್ಲೊಂದು ಆಧುನಿಕ ಶಾಲೆ ತೆರೆದದ್ದು 1901ರಲ್ಲಿ, ಅದೂ ತೈಲದಿಂದ ಸಿರಿವಂತರಾದ ಹಾಜಿ ಜೈನಲಾಬಿದೀನ್ ತಗೀಯೆವ್ ಹಠ ಹಿಡಿದದ್ದರಿಂದ. ರಂಗಭೂಮಿಯಲ್ಲಂತೂ ಹೆಣ್ಣಿನ ಪಾತ್ರ ಗಂಡಸರ ಪಾಲಿಗೆ. 1913ರಲ್ಲಿ ಪ್ರದರ್ಶನಗೊಂಡ ‘ಅರ್ಶಿನ್ ಮಾಲ್ ಆಲಾನ್’ ಎಂಬ ಪ್ರಸಿದ್ಧ ಸಂಗೀತ ನಾಟಕದ ನಾಯಕಿಯಾದವರು ಅಹ್ಮದ್ ಅಗ್ದಾಮ್‌ಸ್ಕಿ ಎಂಬ ಗಾಯಕ!

ಇಂಥ ಊರಿನಲ್ಲಿ 1928ರಲ್ಲಿ ಜಾಫರ್ ಜಬ್ಬಾರ್ಲಿ ‘ಸೆವಿಲ್’ ನಾಟಕ ಬರೆದರು. ಅಕ್ಷರ ಬಾರದ ಹೆಂಡತಿ ಸೆವಿಲ್. ಆಕೆಯನ್ನು ನಾಲ್ಕು ಜನರ ನಡುವೆ ಹೀಯಾಳಿಸುವ ಗಂಡ ಬಾಲಾಶ್. ನಾದಿನಿ ಗುಲುಶ್ ಧೈರ್ಯ ತುಂಬುತ್ತಾಳೆ. ಸೆವಿಲ್ ಮುಸುಕನ್ನು ಎಸೆದು, ಮನೆಬಿಟ್ಟು ಓದಲು ಹೊರಡುತ್ತಾಳೆ. ನಾಟಕ ನೋಡಲು ಬಂದ ಹೆಂಗಸರು ಅಲ್ಲಿಯೇ ತಮ್ಮ ಮುಸುಕು ತೆಗೆದರೆಂದು ಬಾಕುವಿನಲ್ಲಿ ಇಂದಿಗೂ ಹೇಳುತ್ತಾರೆ.

ಮರುವರ್ಷವೇ ಅಮೋ ಬೆಕ್-ನಜಾರೋವ್ ಅದನ್ನು ಮೂಕಿ ಚಿತ್ರ ಮಾಡಿದರು. ಸೆವಿಲ್ ಆದವರು ಇಪ್ಪತ್ತರ ಆಸುಪಾಸಿನ ಇಜ್ಜತ್. ಆಗವರು ಕಾಲೇಜಿನಲ್ಲಿ ರಸಾಯನಶಾಸ್ತ್ರ ಓದುತ್ತಿದ್ದ ಹುಡುಗಿ. ಇದು ಸಣ್ಣ ಧೈರ್ಯವಲ್ಲ. ಮುಸುಕು ತೆಗೆಯಿರಿ ಎಂದು ಸೋವಿಯತ್ ಸರ್ಕಾರವೇ ಚಳವಳಿ ನಡೆಸುತ್ತಿತ್ತು, ನಿಜ. ಆದರೆ ಸರ್ಕಾರ ಮನೆಯೊಳಗೆ ಕಾವಲಿರುವುದಿಲ್ಲವಲ್ಲ! ಹಾಗೆ ತೆಗೆದದ್ದಕ್ಕೆ ಮನೆಯವರ ಕೈಯಿಂದಲೇ ಕೊಲೆಯಾದ ಹೆಣ್ಣುಮಕ್ಕಳು ಆ ದಿನಗಳಲ್ಲಿ ಇದ್ದರು. ಮಾತಿಲ್ಲದ ಚಿತ್ರದಲ್ಲಿ ಎಲ್ಲವನ್ನೂ ಮುಖವೇ ಹೇಳಬೇಕು. ಊರಿಗೆ ಊರೇ ಮುಚ್ಚಿಡು ಎನ್ನುತ್ತಿದ್ದ ಮುಖವದು.

ಚಿತ್ರ ಹೆಸರು ಮಾಡಿತು. ಬೇರೆ ಯಾರಾದರೂ ಆಗಿದ್ದರೆ ಪುಸ್ತಕ ಮಡಿಸಿಟ್ಟು ಸ್ಟುಡಿಯೋ ದಾರಿ ಹಿಡಿಯುತ್ತಿದ್ದರೇನೋ. ಇಜ್ಜತ್ ಓದು ಮುಂದುವರಿಸಿದರು.

ಮತ್ತೆ ಅವರು ದೊಡ್ಡ ಪಾತ್ರದಲ್ಲಿ ಕಾಣಿಸಿಕೊಂಡದ್ದು 1936ರ ‘ಅಲ್ಮಾಜ್’ ಚಿತ್ರದಲ್ಲಿ. ಇದೂ ಜಬ್ಬಾರ್ಲಿಯವರದೇ ಕಥೆ. ಅಷ್ಟರಲ್ಲಿ ಲೇಖಕರು ತೀರಿಕೊಂಡಿದ್ದರು. ಅಲ್ಮಾಜ್ ಹಳ್ಳಿಗೆ ಬರುವ ಯುವ ಶಿಕ್ಷಕಿ. ಊರಿನ ಬಲಾಢ್ಯರಿಗೆ ಆಕೆಯನ್ನು ಕಂಡರಾಗದು. ಓಡಿಸಲು ಅವರು ಹಿಡಿಯುವುದು ಹಳೆಯ ಆಯುಧವನ್ನೇ: ನಡತೆಯ ಮೇಲೆ ಅಪವಾದ. ಹಳ್ಳಿಗೆ ವರ್ಗವಾಗಿ ಹೋದ ಶಿಕ್ಷಕಿಯರಿಗೆ ಈ ಕಥೆಯನ್ನು ಬಿಡಿಸಿ ಹೇಳಬೇಕಾಗಿಲ್ಲ.

ಓರುಜೋವಾರಿಗೆ ಹೆಸರು ತಂದ ಪಾತ್ರಗಳು ಈ ಎರಡೇ. ಒಬ್ಬಳು ಓದಲು ಹೋದವಳು, ಇನ್ನೊಬ್ಬಳು ಓದಿಸಲು ಬಂದವಳು. ಉಳಿದ ಆಯುಸ್ಸು ತೈಲ ರಸಾಯನಶಾಸ್ತ್ರಕ್ಕೆ ಸಂದಿತು. ಅವರು ಕೆಲಸ ಮಾಡಿದ್ದು ಯಂತ್ರಗಳಿಗೆ ಹಾಕುವ ಕೀಲೆಣ್ಣೆಗಳ ಮೇಲೆ. ಕಚ್ಚಾ ತೈಲವನ್ನು ಕಾಯಿಸಿದಾಗ ಪೆಟ್ರೋಲ್, ಸೀಮೆಎಣ್ಣೆ ಮೊದಲು ಆವಿಯಾಗಿ ಬೇರೆಯಾಗುತ್ತವೆ. ಉಳಿದ ಮಂದವಾದ ಭಾಗದಿಂದ ಕೀಲೆಣ್ಣೆ ಸಿಗುತ್ತದೆ. ಅದು ಎಂಜಿನ್ನಿನ ಕಾವಿಗೆ ತೀರಾ ನೀರಾಗಬಾರದು, ಚಳಿಗೆ ಗಟ್ಟಿಯೂ ಆಗಬಾರದು. ಇದಕ್ಕಾಗಿ ಎಣ್ಣೆಯನ್ನು ಶುದ್ಧಿಮಾಡಿ, ಬೇರೆ ವಸ್ತುಗಳನ್ನು ಅಳತೆಯಲ್ಲಿ ಬೆರೆಸಬೇಕು. ಇದು ಚಪ್ಪಾಳೆ ಗಿಟ್ಟಿಸುವ ಕೆಲಸವಲ್ಲ, ವರ್ಷಗಟ್ಟಲೆ ಗಾಜಿನ ಕೊಳವೆಗಳ ಮುಂದೆ ಕೂರುವ ಕೆಲಸ. ಅಜರ್‌ಬೈಜಾನಿನ ವಿಜ್ಞಾನ ಅಕಾಡೆಮಿ ಅವರನ್ನು ಅಕಾಡೆಮಿಷಿಯನ್ ಆಗಿ ಆರಿಸಿಕೊಂಡಿತು. ಆ ಅಕಾಡೆಮಿಯಲ್ಲಿ ವಿಜ್ಞಾನಿಗೆ ಅದಕ್ಕಿಂತ ದೊಡ್ಡ ಸದಸ್ಯತ್ವ ಇರಲಿಲ್ಲ.

ಸೆವಿಲ್ ಕಥೆ ಅಲ್ಲಿಗೇ ನಿಲ್ಲಲಿಲ್ಲ. 1953ರಲ್ಲಿ ಫಿಕ್ರೆತ್ ಅಮಿರೋವ್ ಅದನ್ನು ಆಪೆರಾ ಮಾಡಿದರು. 1960ರಲ್ಲಿ ಮುಸುಕು ತೆಗೆಯುತ್ತಿರುವ ಹೆಣ್ಣೊಬ್ಬಳ ಪ್ರತಿಮೆ ಬಾಕುವಿನಲ್ಲಿ ನಿಂತಿತು. ಅದೇ ಊರಿನಲ್ಲಿ ಓರುಜೋವಾ 1983ರವರೆಗೆ ಬದುಕಿದ್ದರು, ವಿಜ್ಞಾನಿಯಾಗಿ.